ಹಾಕದೇ ಉಳಿದ ಕಿತ್ತಳೆ ಗಾಜು

ಹೆರ್ಟಾ ಎಂಬ ಮೀನು ಹಡಗನ್ನು ಗುಜರಿಗೆ ಎಳೆದುಕೊಂಡು ಹೋದದ್ದು ಮಂಗಳವಾರ ಬೆಳಗ್ಗೆ ಏಳಕ್ಕೆ. ಸಿನಿಮಾಕ್ಕಾಗಿ ಸೆರೆಹಿಡಿದ ಆ ದೃಶ್ಯ ಕೆಟ್ಟುಹೋಗಿದೆ ಎಂದು ಛಾಯಾಗ್ರಾಹಕಿ ಗುಡ್ರುನ್ ಹಾರ್ಮ್ಸ್‌ಗೆ ಗೊತ್ತಾದದ್ದು ಗುರುವಾರ ಒಂಬತ್ತಕ್ಕೆ. ನಡುವಿನ ಎರಡು ದಿನ ಅವಳಷ್ಟು ಸಂತೋಷವಾಗಿದ್ದ ಮನುಷ್ಯರು ಜರ್ಮನಿಯ ಬ್ರೆಮರ್‌ಹಾಫೆನ್ ಬಂದರಿನಲ್ಲಿ ಇನ್ನೊಬ್ಬರು ಇರಲಿಲ್ಲ.

ಸಂತೋಷಕ್ಕೆ ಕಾರಣವಿತ್ತು. ವಯಸ್ಸು ಮೂವತ್ತೆಂಟು. ಅದರಲ್ಲಿ ಹದಿನಾಲ್ಕು ವರ್ಷ ಅವಳು ಬೇರೆಯವರ ಕ್ಯಾಮೆರಾಕ್ಕೆ ರೀಲು ತುಂಬಿದ್ದಳು, ನಟರ ಕಣ್ಣಿನಿಂದ ಲೆನ್ಸಿನವರೆಗೆ ಟೇಪು ಹಿಡಿದು ಅಳೆದಿದ್ದಳು, ನಾಲ್ಕು ಮಹಡಿ ಮೆಟ್ಟಿಲಲ್ಲಿ ಪೆಟ್ಟಿಗೆಗಳನ್ನು ಹೊತ್ತಿದ್ದಳು. ಹೊತ್ತ ಮೇಲೆ, ಕ್ಯಾಮೆರಾ ಹೆಂಗಸರಿಗೆ ಭಾರ ಎಂದು ಅವಳಿಗೇ ಹೇಳುವ ಗಂಡಸರ ಮಾತನ್ನೂ ಕೇಳಿದ್ದಳು. ಈಗ ಹ್ಯಾಂಬರ್ಗಿನ ಟೀವಿಯವರು ತೊಂಬತ್ತು ನಿಮಿಷದ ಒಂದು ಸಿನಿಮಾದ ಕ್ಯಾಮೆರಾವನ್ನು ಅವಳ ಕೈಗೆ ಕೊಟ್ಟಿದ್ದರು. ಅವಳು ಹುಟ್ಟಿ ಬೆಳೆದ ಊರಿನಲ್ಲೇ ಚಿತ್ರೀಕರಣ. ಮೀನುಗಾರನ ವಿಧವೆಯೊಬ್ಬಳು, ಗಂಡ ದುಡಿದ ಹಡಗು ಗುಜರಿಗೆ ಹೋಗುವುದನ್ನು ನೋಡಿ ಮನೆಗೆ ಬಂದು ಮತ್ತೆ ಬದುಕುವ ಕಥೆ. ಅಷ್ಟೇ. ಅಷ್ಟು ಸಾಕಿತ್ತು.

ವಿಧವೆಯ ಪಾತ್ರ ಆಲ್ಮಾ ವ್ಯೂರ್ಮನ್ ಅವರದು. ಎಪ್ಪತ್ತೊಂಬತ್ತು ವರ್ಷದ ನಾಟಕದ ಮುದುಕಿ. ತಂಡದವರೆಲ್ಲ ಆಲ್ಮಜ್ಜಿ ಎನ್ನುತ್ತಿದ್ದರು. ಹಡಗು ಮಾತ್ರ ನಾಟಕದ್ದಲ್ಲ, ನಿಜವಾಗಿ ಗುಜರಿಗೆ ಹೊರಟದ್ದು. ಎಳೆಯುವ ದೋಣಿ ಯಾರಿಗೂ ಕಾಯುವುದಿಲ್ಲ. ಒಂದೇ ಟೇಕು. ಮಂಜು ಸುರಿಯುತ್ತಿತ್ತು. ಕರವಸ್ತ್ರ ಬೀಸಿ ಹಡಗನ್ನು ಬೀಳ್ಕೊಡಬೇಕೆಂದು ಕಥೆಯಲ್ಲಿ ಬರೆದಿತ್ತು. ಆಲ್ಮಜ್ಜಿ ಬೀಸಲಿಲ್ಲ. ಅದೇ ಕರವಸ್ತ್ರದಲ್ಲಿ ಮೂಗು ಒರೆಸಿಕೊಂಡರು, ನಾಲ್ಕು ಮಡಿಕೆ ಮಾಡಿದರು, ಜೇಬಿಗೆ ಹಾಕಿ ಗುಂಡಿ ಹಾಕಿದರು. ಹಡಗು ಮಂಜಿನಲ್ಲಿ ಕರಗಿತು. ನಿರ್ದೇಶಕ ಯೋರ್ನ್ ಬೇಂಕೆ ಕಟ್ ಹೇಳುವುದನ್ನೂ ಮರೆತು ನಿಂತಿದ್ದ. ಗುಡ್ರುನ್ ತಾನೇ ಕ್ಯಾಮೆರಾ ನಿಲ್ಲಿಸಿ, "ಇದಕ್ಕಿಂತ ಒಳ್ಳೆಯದು ಇನ್ನು ಯಾವ ಜನ್ಮದಲ್ಲೂ ಸಿಗಲ್ಲ, ಪೆಟ್ಟಿಗೆ ಕಟ್ರಿ!" ಎಂದು ಕೂಗಿದ್ದಳು.

ಗುರುವಾರ, ಊರಿನಲ್ಲಿ ಮುಚ್ಚಿಹೋಗಿದ್ದ ಒಂದು ಚಿತ್ರಮಂದಿರವನ್ನು ಬಾಡಿಗೆಗೆ ತೆಗೆದುಕೊಂಡು, ಹ್ಯಾಂಬರ್ಗಿನಲ್ಲಿ ತೊಳೆದು ಬಂದ ರೀಲನ್ನು ತಂಡವೆಲ್ಲ ಕೂತು ನೋಡಿತು. ಟೀವಿಯ ಕಡೆಯಿಂದ ಡಾಕ್ಟರ್ ಪೋಲ್‌ಮನ್ ಕೂಡ ಬಂದಿದ್ದರು. ಸಿನಿಮಾಕ್ಕೆ ಹೂಂ ಎನ್ನುವವರೂ ಅವರೇ, ಉಹೂಂ ಎನ್ನುವವರೂ ಅವರೇ. ಮಡಚಿದ ಕೋಟನ್ನು ತೊಡೆಯ ಮೇಲಿಟ್ಟುಕೊಂಡು ನಡುಸಾಲಿನಲ್ಲಿ ಕೂತಿದ್ದರು.

ದೀಪ ಆರಿತು. ತೆರೆಯ ಮೇಲೆ ಬಂದದ್ದು ನೀಲಿ.

ಸಮುದ್ರ ನೀಲಿಯಾದರೆ ಸರಿ. ಮಂಜು ನೀಲಿ, ಕಲ್ಲುಕಟ್ಟೆ ನೀಲಿ, ಹಗ್ಗ ನೀಲಿ, ಆಲ್ಮಜ್ಜಿಯ ಮುಖವೂ ನೀಲಿ. ಬಟ್ಟೆಗೆ ಹಾಕುವ ನೀಲಿಯ ಬಕೆಟ್ಟನ್ನೇ ಯಾರೋ ತೆರೆಯ ಮೇಲೆ ಮಗುಚಿದಂತಿತ್ತು.

ಗುಡ್ರುನ್‌ಗೆ ಏನಾಗಿದೆ ಎಂದು ತಿಳಿಯಲು ಎರಡು ಸೆಕೆಂಡು ಸಾಕಾಯಿತು. ಅವರು ಬಳಸುತ್ತಿದ್ದ ಫಿಲ್ಮು ಬಲ್ಬಿನ ಬೆಳಕಿಗೆ ಮಾಡಿದ್ದು. ಹಗಲು ಬೆಳಕಿನಲ್ಲಿ ಅದನ್ನು ಬಳಸಬೇಕಾದರೆ ಲೆನ್ಸಿಗೆ ಒಂದು ಕಿತ್ತಳೆ ಗಾಜು ಹಾಕಬೇಕು. ಹಾಕದಿದ್ದರೆ ಲೋಕವೆಲ್ಲ ನೀಲಿ. ಸೋಮವಾರ ಸಂಜೆ ಬೆಳಕು ಇಳಿಯುತ್ತಿದ್ದಾಗ, ಆ ಗಾಜು ಬೆಳಕು ತಿನ್ನುತ್ತದೆ ಎಂದು ಅವಳೇ ತೆಗೆಸಿದ್ದಳು. ಎಲ್ಲ ಛಾಯಾಗ್ರಾಹಕರೂ ಮಾಡುವುದೇ. ಆದರೆ ಮಂಗಳವಾರ ಬೆಳಗ್ಗೆ ಅದನ್ನು ಮತ್ತೆ ಹಾಕಿದವರು ಯಾರು? ಯಾರೂ ಇಲ್ಲ.

ರೀಲು ಮುಗಿಯಿತು. ಮುಗಿಯುವ ಮೊದಲು ಕ್ಯಾಮೆರಾ ಹಡಗಿನ ಹಿಂದೆ ತಿರುಗಿ, ಬಂದರು ಕಚೇರಿಯ ಕಿಟಕಿಯನ್ನು ಒಂದು ಗಳಿಗೆ ಹಿಡಿದಿತ್ತು. ಒಳಗೆ ಒಂದು ಬಲ್ಬು ಉರಿಯುತ್ತಿತ್ತು. ಅಷ್ಟು ನೀಲಿಯ ನಡುವೆ ಅದೊಂದು ಮಾತ್ರ ಮೊಟ್ಟೆಯ ಹಳದಿಯ ಹಾಗೆ ಬೆಚ್ಚಗೆ ಕಂಡಿತು. ಆಮೇಲೆ ಬಿಳಿ ತೆರೆ.

"ಇದೇನು?" ಎಂದರು ಡಾಕ್ಟರ್ ಪೋಲ್‌ಮನ್. ಅವರ ದನಿ ಏರುವುದೇ ಇಲ್ಲ. ಏರಿದ್ದರೆ ವಾಸಿ ಅನ್ನಿಸುತ್ತಿತ್ತು. "ಹಾರ್ಮ್ಸ್ ಅವರೇ, ನಾನು ಕೇಳ್ತಿರೋದು ನಿಮ್ಮನ್ನ."

ಗುಡ್ರುನ್‌ಳ ಕೈಯಲ್ಲಿ ಆ ರೀಲಿನ ವರದಿ ಹಾಳೆ ಇತ್ತು. ಗಾಜು ಹಾಕುವುದು, ತೆಗೆಯುವುದು, ಹಾಳೆ ಬರೆಯುವುದು ಎಲ್ಲ ಅಸಿಸ್ಟೆಂಟಿನ ಕೆಲಸ. ಅವಳ ಅಸಿಸ್ಟೆಂಟ್ ಡೆಟ್ಲೆಫ್ ಒಂಕೆನ್‌ಗೆ ಐವತ್ತಾರು. ಮೂವತ್ತು ವರ್ಷ ಅದೇ ಕೆಲಸ ಮಾಡಿದವನು; ಟೇಪು ಹಿಡಿಯುವುದನ್ನು ಅವಳಿಗೆ ಕಲಿಸಿದವನೂ ಅವನೇ. ಹಾಳೆಯಲ್ಲಿ ಅವನ ಗುಂಡು ಅಕ್ಷರದಲ್ಲಿ ಸ್ಪಷ್ಟವಾಗಿ ಬರೆದಿತ್ತು: ಕಿತ್ತಳೆ ಗಾಜು, ಇದೆ. ಅಭ್ಯಾಸಬಲದಿಂದ ಟೇಕಿಗೆ ಮೊದಲೇ ತುಂಬಿಟ್ಟಿದ್ದ.

ಆ ಹಾಳೆಯನ್ನು ಪೋಲ್‌ಮನ್ ಕೈಗೆ ಕೊಟ್ಟರೆ ಮುಗಿಯಿತು. ಗುಡ್ರುನ್ ಉಳಿಯುತ್ತಾಳೆ, ಡೆಟ್ಲೆಫ್ ಮನೆಗೆ ಹೋಗುತ್ತಾನೆ. ಇಂಥ ಹಾಳೆ ಏನು ಮಾಡಬಲ್ಲದೆಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ಹನ್ನೆರಡು ವರ್ಷದ ಹಿಂದೆ ಒಬ್ಬ ದೊಡ್ಡ ಛಾಯಾಗ್ರಾಹಕ ತನ್ನ ತಪ್ಪನ್ನು ಇಂಥದ್ದೇ ಹಾಳೆ ತೋರಿಸಿ ಅವಳ ತಲೆಗೆ ಕಟ್ಟಿದ್ದ. ಆರು ತಿಂಗಳು ಅವಳನ್ನು ಯಾರೂ ಕೆಲಸಕ್ಕೆ ಕರೆದಿರಲಿಲ್ಲ. ಆ ಮನುಷ್ಯನ ಮುಖ ನೆನಪಾದರೆ ಅವಳಿಗೆ ಇವತ್ತಿಗೂ ಕೈ ತುರಿಸುತ್ತದೆ.

ಹಿಂದಿನ ಸಾಲಿನಲ್ಲಿ ಡೆಟ್ಲೆಫ್ ಎದ್ದು ನಿಂತ. "ಡಾಕ್ಟ್ರೇ, ಅದು..."

"ಕೂತ್ಕೋ!" ಎಂದು ಗುಡ್ರುನ್ ಗದರಿದಳು. ಹಾಳೆಯನ್ನು ಮಡಚಿ ಪ್ಯಾಂಟಿನ ಜೇಬಿಗೆ ತುರುಕಿಕೊಂಡಳು. "ಗಾಜು ಹಾಕಿರ್ಲಿಲ್ಲ. ತೆಗೀರಿ ಅಂದಿದ್ದು ನಾನು, ಹಾಕ್ರಿ ಅನ್ಲಿಲ್ಲ. ಕ್ಯಾಮೆರಾ ನಂದು, ತಪ್ಪು ನಂದು."

"ಹಡಗು?"

"ಹಡಗು ಹೋಯ್ತು. ಇಷ್ಟೊತ್ತಿಗೆ ಕೊಯ್ಯೋಕೆ ಶುರು ಮಾಡಿರ್ತಾರೆ."

ಪೋಲ್‌ಮನ್ ಕನ್ನಡಕ ತೆಗೆದು ಒರೆಸಿದರು. "ಇನ್ನೊಂದು ಹಡಗು ಹುಡುಕ್ಬೇಕು. ಇನ್ನೊಬ್ಬ ಛಾಯಾಗ್ರಾಹಕನ್ನೂ ಹುಡುಕ್ಬೇಕಾಗುತ್ತೆ. ಹ್ಯಾಂಬರ್ಗಲ್ಲಿ ಒಬ್ಬ ನಂಬಿಕಸ್ಥ ಇದ್ದಾನೆ, ಸೋಮವಾರ ಸಂಜೆ ಬರಬಹುದು. ಬೇಜಾರು ಮಾಡ್ಕೋಬೇಡಿ."

"ಬೇಜಾರಾ? ನನಗೆ ಮೈಯೆಲ್ಲ ಉರೀತಿದೆ," ಎಂದಳು ಗುಡ್ರುನ್. "ಸೋಮವಾರ ಸಂಜೆವರೆಗೂ ನಾನೇ ತಾನೇ ಇಲ್ಲಿ ಛಾಯಾಗ್ರಾಹಕಿ? ಹಾಗಾದ್ರೆ ನಾಳೆ ಅಡುಗೆಮನೆ ದೃಶ್ಯ ನಾನೇ ತೆಗೀತೀನಿ. ಸೋಮವಾರ ಬೆಳಗ್ಗೆ ಬಂದು ನೋಡಿ. ನೋಡಿದ್ಮೇಲೆ ಕಳಿಸೋದಾದ್ರೆ ಕಳಿಸಿ."

ಪೋಲ್‌ಮನ್ ಯೋರ್ನ್ ಕಡೆ ನೋಡಿದರು. ಯೋರ್ನ್ ಒಳ್ಳೆಯ ನಿರ್ದೇಶಕ, ಆದರೆ ದೊಡ್ಡವರೆದುರು ಬೆನ್ನುಮೂಳೆ ಮೆತ್ತಗಾಗುತ್ತಿತ್ತು. ಬೂಟಿನ ಲಾಡಿ ನೋಡುತ್ತಾ, "ಅಡುಗೆಮನೆ ಹೇಗೂ ನಾಳೆಗೇ ಇದೆ," ಎಂದ. ಅವನ ಮಟ್ಟಿಗೆ ಅದು ಸಿಂಹಗರ್ಜನೆ.

"ಸೋಮವಾರ ಒಂಬತ್ತಕ್ಕೆ," ಎಂದು ಪೋಲ್‌ಮನ್ ಕೋಟು ಹಾಕಿಕೊಂಡರು.

ಚಿತ್ರಮಂದಿರದ ಹಿಂದಿನ ಓಣಿಯಲ್ಲಿ ಗುಡ್ರುನ್ ಡೆಟ್ಲೆಫನನ್ನು ಗೋಡೆಗೆ ಒತ್ತಿ ನಿಲ್ಲಿಸಿದಳು.

"ಮೂವತ್ತು ವರ್ಷ! ಮೂವತ್ತು ವರ್ಷದಿಂದ ಮಾಡಿದ ಕೆಲಸ! ಹಾಳೆಯಲ್ಲಿ 'ಇದೆ' ಅಂತ ಬರೀತೀಯಲ್ಲ, ಕಣ್ಣೇನು ಹೆಂಡತಿ ಹತ್ರ ಬಿಟ್ಟು ಬಂದಿದ್ಯಾ?"

"ಬೈ, ಬೈ. ನಾನಾಗಿದ್ರೂ ಬೈತಿದ್ದೆ," ಎಂದ ಡೆಟ್ಲೆಫ್. ಆಮೇಲೆ ತಡೆದು, "ಮಂಗಳವಾರವೇ ಅನುಮಾನ ಬಂದಿತ್ತು," ಎಂದ.

"ಏನು?"

"ಹಡಗು ಹೋದ್ಮೇಲೆ ಮೀನು ಪ್ಯಾಕ್ ಮಾಡೋ ಶೆಡ್ಡಿಗೆ ಹೋದ್ವಲ್ಲ. ಒಳಗೆ ಬಲ್ಬು ಬೆಳಕು, ಗಾಜು ತೆಗೀಬೇಕು ಅಂತ ಕೈ ಹಾಕ್ದೆ. ಅಲ್ಲಿ ಇರ್ಲೇ ಇಲ್ಲ. ಆಗ್ಲೇ ತೆಗ್ದಿರ್ಬೇಕು ನಾನು, ಮರ್ತಿದ್ದೀನಿ ಅಂತ ನನಗೆ ನಾನೇ ಹೇಳ್ಕೊಂಡೆ."

"ಎರಡು ದಿನ! ಎರಡು ದಿನ ನಾನು ಹುಚ್ಚಿ ಥರ ನಗ್ತಾ ತಿರುಗಾಡ್ತಿದ್ದೆ, ನೀನು ನೋಡ್ತಾ ಇದ್ದೆ!"

"ಹೇಳಿದ್ರೆ ಹಡಗು ವಾಪಸ್ ಬರ್ತಿತ್ತಾ?" ಎಂದ ಡೆಟ್ಲೆಫ್. "ಎರಡು ದಿನವಾದ್ರೂ ಖುಷಿಯಾಗಿರ್ಲಿ ಅಂದ್ಕೊಂಡೆ. ನಿಂಗೆ ನಗೋದು ಬರುತ್ತೆ ಅಂತಾನೇ ನಂಗೆ ಇಷ್ಟು ವರ್ಷ ಗೊತ್ತಿರ್ಲಿಲ್ಲ."

ಗುಡ್ರುನ್ ಕೈ ಎತ್ತಿದಳು. ಹೊಡೆಯುತ್ತಾಳೆಂದು ಅವನು ಕಣ್ಣು ಮುಚ್ಚಿದ. ಅವಳು ಗೋಡೆಗೆ ಗುದ್ದಿದಳು. ಗೆಣ್ಣು ತರಚಿತು. ತರಚಿದ ಗೆಣ್ಣನ್ನು ಬಾಯಲ್ಲಿಟ್ಟುಕೊಂಡಳು.

"ಲ್ಯಾಬಿಗೆ ಫೋನ್ ಮಾಡ್ಲಾ?" ಎಂದ ಡೆಟ್ಲೆಫ್. "ಪ್ರಿಂಟ್ ಹಾಕುವಾಗ ಹಳದಿ ಜಾಸ್ತಿ ಮಾಡಿದ್ರೆ ಮುಕ್ಕಾಲು ಪಾಲು ಸರಿಹೋಗುತ್ತೆ."

"ಮುಕ್ಕಾಲು ಪಾಲು ಸರಿಹೋದ ಆಲ್ಮಜ್ಜಿ ಹೆಣದ ಥರ ಕಾಣ್ತಾರೆ. ಬೇಡ." ಅವಳು ಬಾಯಿಂದ ಕೈ ತೆಗೆದಳು. "ಆ ಕಿಟಕಿ ನೋಡಿದ್ಯಾ? ಕೊನೇಲಿ ಬಂತಲ್ಲ, ಕಚೇರಿ ಕಿಟಕಿ."

"ಬಲ್ಬು ಇತ್ತು."

"ಬಲ್ಬಿನ ಬಣ್ಣ ಸರಿಯಾಗಿತ್ತು. ಈ ಫಿಲ್ಮು ಬಲ್ಬಿಗೇ ಮಾಡಿದ್ದಲ್ವಾ. ಹೊರಗೆಲ್ಲ ನೀಲಿ, ಬಲ್ಬು ಒಂದೇ ಬೆಚ್ಚಗೆ." ಅವಳು ಜೋರಾಗಿ ಮಾತಾಡತೊಡಗಿದಳು, ಓಣಿಯ ಕಿಟಕಿಗಳು ತೆರೆದುಕೊಂಡವು. "ಹಡಗು ಹೋಗೋವರೆಗೂ ಆ ವಿಧವೆಯ ಲೋಕದಲ್ಲಿ ಎಲ್ಲ ಬಣ್ಣ ಇದೆ. ಹಡಗು ಹೋದ ಬೆಳಗ್ಗೆಯಿಂದ ಹೊರಗೆ ಎಲ್ಲಾ ನೀಲಿ. ಕಿಟಕಿಯಾಚೆ ನೀಲಿ, ಬೀದಿ ನೀಲಿ. ಮನೆ ಒಳಗೆ, ಮೇಜಿನ ಮೇಲಿನ ದೀಪದ ಕೆಳಗೆ ಮಾತ್ರ ಬೆಚ್ಚಗಿದೆ. ಅವಳು ಬದುಕಬೇಕಾದ ಜಾಗ ಅಷ್ಟೇ, ಆ ದೀಪದಷ್ಟು! ಇನ್ಮೇಲೆ ಸಿನಿಮಾ ಮುಗಿಯೋವರೆಗೂ ಆ ಗಾಜು ಹಾಕಲ್ಲ. ಪೆಟ್ಟಿಗೇಲಿ ಹಾಕಿ ಬೀಗ ಹಾಕು."

ಡೆಟ್ಲೆಫ್ ಅವಳನ್ನೇ ನೋಡಿದ. "ಇದು ತಪ್ಪು ಮುಚ್ಚೋಕೆ ಹೇಳ್ತಿರೋದಾ, ಅಥವಾ ನಿಜವಾಗ್ಲೂ ಅನ್ನಿಸ್ತಾ?"

"ಅದನ್ನ ಸೋಮವಾರ ತೆರೆ ಹೇಳುತ್ತೆ. ನಡಿ."

ಶುಕ್ರವಾರ ಡೆಟ್ಲೆಫ್ ದೊಡ್ಡ ತಟ್ಟೆ ತುಂಬ ಬೆಣ್ಣೆ ಕೇಕು ಹೊತ್ತು ತಂದ. ಸೆಟ್ಟಿನಲ್ಲಿ ತಪ್ಪು ಮಾಡಿದವರು ಮಾರನೇ ದಿನ ತಂಡಕ್ಕೆಲ್ಲ ಕೇಕು ತರಬೇಕು, ಅದರಿಂದ ತಪ್ಪಿಸಿಕೊಂಡವರಿಲ್ಲ. ಆದರೆ ಆ ಕರಾವಳಿಯಲ್ಲಿ ಬೆಣ್ಣೆ ಕೇಕು ಹಂಚುವುದು ಹೆಚ್ಚಾಗಿ ಮಣ್ಣು ಮಾಡಿ ಬಂದ ಮೇಲೆ.

"ಯಾರು ಹೋದ್ರಪ್ಪಾ?" ಎಂದರು ಆಲ್ಮಜ್ಜಿ, ಎರಡು ತುಂಡು ತಟ್ಟೆಗೆ ಹಾಕಿಕೊಳ್ಳುತ್ತಾ.

"ಇನ್ನೂ ಯಾರೂ ಹೋಗಿಲ್ಲ, ಅಜ್ಜಿ. ಸೋಮವಾರ ಗೊತ್ತಾಗುತ್ತೆ," ಎಂದ ಸೆಟ್ಟಿನ ದೀಪ ನೋಡಿಕೊಳ್ಳುವ ಹಿನ್ರಿಕ್.

"ಕೇಕು ನಾನು ತರಬೇಕಿತ್ತು. ತಪ್ಪು ನಂದು ಅಂದಿದ್ದೆ," ಎಂದು ಗುಡ್ರುನ್ ಡೆಟ್ಲೆಫನ ಮೇಲೆ ರೇಗಿದಳು.

"ನೀನು ಮಾಡಿದ ಕೇಕು ತಿಂದ್ರೆ ನಿಜವಾಗ್ಲೂ ಒಬ್ಬರಾದ್ರೂ ಹೋಗ್ತಾರೆ," ಎಂದ ಅವನು. ಗುರುವಾರದಿಂದ ಬಿಗಿದುಕೊಂಡಿದ್ದ ತಂಡ ಆಗ ನಕ್ಕಿತು.

ಅಡುಗೆಮನೆ ಬಂದರಿನ ಸಾಲುಮನೆಗಳಲ್ಲಿ ಒಂದರದು. ಒಂದು ಕಿಟಕಿ, ಒಂದು ಮೇಜು, ಮೇಲೆ ನೇತಾಡುವ ಒಂದು ದೀಪ. ಹಿನ್ರಿಕ್ ಆಗಲೇ ನಾಲ್ಕು ದೊಡ್ಡ ದೀಪ ನಿಲ್ಲಿಸಿದ್ದ. ಟೀವಿಗೆ ಎಲ್ಲರೂ ಹಾಗೇ ಮಾಡುವುದು. ಮುಖ, ಗೋಡೆ, ಮೂಲೆ, ಇಲಿಬಿಲ ಎಲ್ಲಕ್ಕೂ ಒಂದೇ ಸಮ ಬೆಳಕು.

"ತೆಗಿ," ಎಂದಳು ಗುಡ್ರುನ್.

"ಯಾವುದನ್ನ?"

"ನಾಲ್ಕನ್ನೂ."

"ನಾಲ್ಕನ್ನೂ ತೆಗೆದ್ರೆ ನಾನ್ಯಾಕೆ ಬಂದೆ ಇಲ್ಲಿಗೆ?"

"ಆ ನೇತಾಡೋ ದೀಪಕ್ಕೆ ಇನ್ನೂರು ವ್ಯಾಟಿನ ಬಲ್ಬು ಹಾಕೋಕೆ. ಅದು ಮಾಡಿ ಹೋಗಿ ಕೇಕು ತಿನ್ನು."

ಹಿನ್ರಿಕ್ ಗೊಣಗುತ್ತಾ ಬಲ್ಬು ಬದಲಿಸಿದ. ಯೋರ್ನ್ ಒಳಬಂದು ಕತ್ತಲೆ ನೋಡಿ ಬಿಳುಚಿಕೊಂಡ. "ಗುಡ್ರುನ್, ಮೂಲೆಗಳು ಏನೂ ಕಾಣ್ತಿಲ್ಲ."

"ಮೂಲೇಲಿ ಯಾರಿದಾರೆ?"

"ಯಾರೂ ಇಲ್ಲ."

"ಮತ್ತೆ?"

ಆಲ್ಮಜ್ಜಿ ಆಲೂಗಡ್ಡೆಯ ಬೋಗುಣಿ ಹಿಡಿದು ಮೇಜಿಗೆ ಕೂತರು. ಗುಡ್ರುನ್ ಬೆಳಕು ಅಳೆಯುವ ಮೀಟರನ್ನು ಅವರ ಗಲ್ಲದ ಹತ್ತಿರ ಹಿಡಿದಳು, ಆಮೇಲೆ ಕಿಟಕಿಯ ಹತ್ತಿರ. ಅಂಕಿಗಳನ್ನು ಎರಡೆರಡು ಸಲ ಓದಿದಳು. ಲೆನ್ಸನ್ನು ಪೂರ್ತಿ ತೆರೆದರೂ ಬೆಳಕು ಸಾಕೋ ಸಾಲದೋ ಎಂಬ ಅಂಚಿನಲ್ಲಿತ್ತು. ಇನ್ನು ಅರ್ಧದಷ್ಟು ಕಡಿಮೆಯಾದರೆ ಸೋಮವಾರ ತೆರೆಯ ಮೇಲೆ ಕೆಸರು. ಲೆನ್ಸು ಅಷ್ಟು ತೆರೆದಾಗ ಫೋಕಸು ನಿಲ್ಲುವ ಜಾಗ ಒಂದು ಗೇಣೂ ಇರುವುದಿಲ್ಲ; ಅಜ್ಜಿ ಸ್ವಲ್ಪ ಮುಂದೆ ಬಾಗಿದರೆ ಮುಖ ಮಸುಕು. ಅದನ್ನು ಹಿಡಿಯಬೇಕಾದವನು ಡೆಟ್ಲೆಫ್. ಮೂರು ದಿನದ ಹಿಂದೆ ಗಾಜು ಮರೆತ ಡೆಟ್ಲೆಫ್.

ಅವನು ಟೇಪು ಹಿಡಿದು ಬಂದ. ಕಣ್ಣಿನಿಂದ ಲೆನ್ಸಿಗೆ ಅಳೆದ. ಮತ್ತೊಮ್ಮೆ ಅಳೆದ. ಅಜ್ಜಿಗೆ ಬಾಗಲು ಹೇಳಿ ಅಳೆದ, ಹಿಂದೆ ಒರಗಲು ಹೇಳಿ ಅಳೆದ.

"ದರ್ಜಿ ಹತ್ರ ಬಂದ ಹಾಗಾಯ್ತು," ಎಂದರು ಆಲ್ಮಜ್ಜಿ. "ಹುಡುಗೀ, ಈ ಬೆಳಕಲ್ಲಿ ಆಲೂಗಡ್ಡೆ ಸಿಪ್ಪೆ ಯಾವುದು ಬೆರಳು ಯಾವುದು ಗೊತ್ತಾಗಲ್ಲ ನಂಗೆ."

"ಗೊತ್ತಾಗೋ ಜಾಗಕ್ಕೆ ಬೋಗುಣಿ ಸರಿಸ್ಕೊಳ್ಳಿ, ಅಜ್ಜಿ. ಎಲ್ಲಿ ಬೇಕಾದ್ರೂ, ಯಾವಾಗ ಬೇಕಾದ್ರೂ. ನಾವು ಬರ್ತೀವಿ ಹಿಂದೆ."

"ಯಾವಾಗ ಬೇಕಾದ್ರೂ?" ಎಂದು ಡೆಟ್ಲೆಫ್ ನರಳಿದ. ಆದರೆ ಲೆನ್ಸಿನ ಪಕ್ಕಕ್ಕೆ ಹೋಗಿ ನಿಂತ.

ಕ್ಯಾಮೆರಾ ಓಡಿತು. ಮುದುಕಿ ಎರಡು ಆಲೂಗಡ್ಡೆಗಳನ್ನು ಅರೆಗತ್ತಲಲ್ಲೇ ಸುಲಿದರು. ಕೈ ನಿಂತಿತು. ಕಿಟಕಿಯ ಕಡೆ ನೋಡಿದರು, ತುಂಬ ಹೊತ್ತು. ಅಲ್ಲಿ ಏನೂ ಇರಲಿಲ್ಲ. ಆಮೇಲೆ ಬೋಗುಣಿಯನ್ನು ಎರಡೂ ಕೈಯಲ್ಲಿ ಎಳೆದು ದೀಪದ ಕೆಳಗೆ ತಂದರು, ಕುರ್ಚಿಯನ್ನೂ ಎಳೆದುಕೊಂಡರು, ಮುಖ ಬೆಳಕಿಗೆ ಬಂತು. ಮೂರನೇ ಆಲೂಗಡ್ಡೆ ತೆಗೆದುಕೊಂಡರು. ಗುಡ್ರುನ್ ಕಣ್ಣು ಕ್ಯಾಮೆರಾಕ್ಕೆ ಅಂಟಿತ್ತು. ಅವಳ ಕಿವಿಯ ಪಕ್ಕದಲ್ಲಿ ಡೆಟ್ಲೆಫ್ ಉಸಿರಾಡುತ್ತಿರಲಿಲ್ಲ. ಅವನ ಬೆರಳುಗಳು ಮಾತ್ರ ಲೆನ್ಸಿನ ಬಳೆಯ ಮೇಲೆ ಕೂದಲೆಳೆಯಷ್ಟೇ ತಿರುಗುತ್ತಿದ್ದವು.

ಶನಿವಾರ, ಭಾನುವಾರ ಅವಳು ಯಾರೊಂದಿಗೂ ಸರಿಯಾಗಿ ಮಾತಾಡಲಿಲ್ಲ. ಭಾನುವಾರ ಊಟಕ್ಕೆ ತಾಯಿಯ ಮನೆಗೆ ಹೋಗಿ, ಸಾರಿಗೆ ಉಪ್ಪು ಜಾಸ್ತಿ ಎಂದು ಜಗಳವಾಡಿ ಬಂದಳು. ಉಪ್ಪು ಸರಿಯಾಗೇ ಇತ್ತು.

ಸೋಮವಾರ ಒಂಬತ್ತಕ್ಕೆ ದೀಪ ಆರಿತು. ಅಡುಗೆಮನೆ ಬಂತು. ಕಿಟಕಿಯಾಚೆ ಆಳವಾದ ನೀಲಿ, ಗೋಡೆಗಳು ನೀಲಿಗಪ್ಪು. ಮುದುಕಿಯ ಬೆನ್ನು ಆ ಚಳಿಯಲ್ಲಿತ್ತು. ಬೋಗುಣಿ ಎಳೆದ ಸದ್ದಿಲ್ಲ, ಆ ರೀಲಿಗೆ ಇನ್ನೂ ಧ್ವನಿ ಸೇರಿಸಿರಲಿಲ್ಲ. ಆದರೆ ಕೈಗಳು ದೀಪದ ಕೆಳಗೆ ಬಂದಾಗ ಸಾಲಿನಲ್ಲಿ ಯಾರೋ ಮುಂದಕ್ಕೆ ಬಾಗಿದ ಕುರ್ಚಿಯ ಸದ್ದು ಕೇಳಿಸಿತು. ಕೈ ಬೆಚ್ಚಗೆ, ಆಲೂಗಡ್ಡೆ ಬೆಚ್ಚಗೆ, ಆಮೇಲೆ ಮುಖ. ಒಂದೊಂದು ಸುಕ್ಕೂ ಸ್ಪಷ್ಟ. ಫೋಕಸು ಎಲ್ಲೂ ಜಾರಿರಲಿಲ್ಲ.

ದೀಪ ಹತ್ತಿತು. ಪೋಲ್‌ಮನ್ ಕನ್ನಡಕ ತೆಗೆದು ಒರೆಸತೊಡಗಿದರು. ಗುಡ್ರುನ್ ಹತ್ತರವರೆಗೆ ಎಣಿಸಬೇಕೆಂದುಕೊಂಡಳು. ಏಳಕ್ಕೇ ಬಾಯಿ ತೆರೆದಳು. "ಏನಾದ್ರೂ ಹೇಳಿ, ಡಾಕ್ಟ್ರೇ. ನಾನು ಪೆಟ್ಟಿಗೆ ಕಟ್ಟಬೇಕೋ ಬೇಡ್ವೋ?"

"ಹಡಗಿನ ರೀಲು ಇಲ್ಲೇ ಇದ್ಯಾ?" ಎಂದರು ಅವರು. "ಅದನ್ನ ಹಾಕಿ. ಮುಗಿದ ತಕ್ಷಣ ಇದನ್ನ."

ಹಡಗು ನೀಲಿಯಲ್ಲಿ ಹೋಯಿತು. ಕರವಸ್ತ್ರ ನಾಲ್ಕು ಮಡಿಕೆಯಾಯಿತು. ಕಚೇರಿಯ ಕಿಟಕಿಯಲ್ಲಿ ಬಲ್ಬು ಹೊಳೆಯಿತು. ಅದರ ಬೆನ್ನಿಗೇ ಅಡುಗೆಮನೆ. ಗುರುವಾರ ಕಾಯಿಲೆಯಂತೆ ಕಂಡ ನೀಲಿ ಈಗ ಹೆಂಗಸೊಬ್ಬಳ ಬೆಳಗಿನಂತೆ ಕಂಡಿತು. ಅದನ್ನು ಯಾರೂ ಯಾರಿಗೂ ವಿವರಿಸಬೇಕಾಗಲಿಲ್ಲ. ಯೋರ್ನ್ ಎದ್ದು ನಿಂತು, ಜೀವನದಲ್ಲಿ ಮೊದಲ ಸಲ ದೊಡ್ಡವರೆದುರು ದನಿ ಎತ್ತಿ, "ನನ್ನ ಸಿನಿಮಾ ಇದೇ. ಇನ್ನೊಂದು ಹಡಗೂ ಬೇಡ, ಇನ್ನೊಬ್ಬನೂ ಬೇಡ!" ಎಂದ.

"ಕೂತ್ಕೊಳ್ಳಿ, ಬೇಂಕೆ, ಕಿವಿ ಕೇಳುತ್ತೆ ನಂಗೆ," ಎಂದರು ಪೋಲ್‌ಮನ್. "ಹಾರ್ಮ್ಸ್ ಅವರೇ, ಇಲ್ಲಿ ಫೋನ್ ಎಲ್ಲಿದೆ? ಹ್ಯಾಂಬರ್ಗಿನ ಆ ಮನುಷ್ಯ ರೈಲು ಹತ್ತೋ ಮೊದಲು ಬೇಡ ಅನ್ಬೇಕು."

ತಂಡ ಕಾಲಿನಿಂದ ನೆಲ ಬಡಿಯಿತು. ಹಿನ್ರಿಕ್ ಸಿಳ್ಳೆ ಹೊಡೆದ. ಗುಡ್ರುನ್ ಮಾತ್ರ ನಗಲಿಲ್ಲ, ಅವಳಿಗೆ ಇನ್ನೊಂದು ಕೆಲಸ ಬಾಕಿ ಇತ್ತು. "ಲ್ಯಾಬಲ್ಲಿ ಯಾರೂ ಇದನ್ನ ಸರಿಮಾಡೋಕೆ ಹೋಗಬಾರ್ದು. ಬಣ್ಣ ನೋಡುವಾಗ ನಾನು ಪಕ್ಕದಲ್ಲಿರ್ತೀನಿ. ಬರೆದು ಕೊಡಿ."

"ನೀವು ಕೇಳ್ತಿದ್ದೀರೋ, ಅಪ್ಪಣೆ ಕೊಡ್ತಿದ್ದೀರೋ?"

"ನಿಮಗೆ ಹೇಗೆ ಅನುಕೂಲವೋ ಹಾಗೆ ತಿಳ್ಕೊಳ್ಳಿ."

ಪೋಲ್‌ಮನ್ ಬರೆದುಕೊಟ್ಟರು.

ಆಮೇಲೆ ಅವಳು ಇಪ್ಪತ್ತಾರು ವರ್ಷ ಕ್ಯಾಮೆರಾ ಹಿಡಿದಳು. ಟೀವಿಗೆ, ದೊಡ್ಡ ತೆರೆಗೆ ಸೇರಿ ನಲವತ್ತಕ್ಕೂ ಮೇಲೆ ಸಿನಿಮಾ. ಬಹುಮಾನಗಳೂ ಬಂದವು. ಕ್ಯಾಮೆರಾ ಭಾರ ಎಂದಿದ್ದವರಲ್ಲಿ ಇಬ್ಬರು ಮುಂದೆ ಅವಳ ಹತ್ತಿರ ಕೆಲಸ ಕೇಳಿಕೊಂಡು ಬಂದರು. ಒಬ್ಬನಿಗೆ ಕೊಟ್ಟಳು. ಆದರೆ ಕೇಳಿದವರಿಗೆಲ್ಲ ಅವಳು ಹೇಳುತ್ತಿದ್ದ ಗೆಲುವು ಬಹುಮಾನದ್ದಲ್ಲ, ಆ ವರ್ಷದ ನವೆಂಬರಿನ ಒಂದು ಸಂಜೆಯದು. ಎಂಟೂಕಾಲಿಗೆ ಆ ಸಿನಿಮಾ ದೇಶವಿಡೀ ಟೀವಿಯಲ್ಲಿ ಬಂತು. ಅವಳೂ ಡೆಟ್ಲೆಫನೂ ಬಂದರಿನ ಬಿಯರಂಗಡಿಯಲ್ಲಿ ಕೂತು ನೋಡಿದರು. ಒಳಗೆ ಹೆಜ್ಜೆಯಿಡಲು ಜಾಗವಿರಲಿಲ್ಲ. ಹಡಗಿನವರು, ಮೀನು ಕೊಯ್ಯುವ ಹೆಂಗಸರು, ಹಗ್ಗ ಹೆಣೆಯುವವರು. ಅವಳು ಯಾರೆಂದು ಅಲ್ಲಿ ಯಾರಿಗೂ ಗೊತ್ತಿರಲಿಲ್ಲ.

ಹಡಗಿನ ದೃಶ್ಯ ಬಂತು. ಪೆಟ್ಟಿಗೆಯಷ್ಟು ದಪ್ಪದ ಟೀವಿ ನೀಲಿಯಾಯಿತು.

"ಥತ್, ಮತ್ತೆ ಕೆಟ್ಟೋಯ್ತು!" ಎಂದು ಅಂಗಡಿಯವನು ಕೈಯೊರೆಸಿಕೊಳ್ಳುತ್ತಾ ಬಂದು ಬಣ್ಣ ಸರಿಮಾಡುವ ಗುಂಡಿಗೆ ಕೈ ಹಾಕಿದ.

ಗುಡ್ರುನ್ ಬೆಂಚಿನಿಂದ ಅರ್ಧ ಎದ್ದಿದ್ದಳು. ಅವಳ ಬಾಯಿ ತೆರೆಯುವ ಮೊದಲೇ ಮುಂದಿನ ಮೇಜಿನಿಂದ ಒಬ್ಬ ದಡೂತಿ ಮುದುಕ ಗ್ಲಾಸು ಕುಕ್ಕಿ ಗುಡುಗಿದ.

"ಮುಟ್ಟಿದ್ರೆ ಕೈ ಮುರೀತೀನಿ, ಹೈನರ್!"

"ನೀಲಿಯಾಗಿದೆ ಕಣಯ್ಯಾ, ಕಾಣ್ಸಲ್ವಾ?"

"ಹೆರ್ಟಾನ ಎಳ್ಕೊಂಡು ಹೋಗಿದ್ದು ಯಾರು? ನಾನು! ಆ ದೋಣಿ ಮೇಲೆ ನಿಂತಿದ್ದು ಯಾರು? ನಾನು! ಆವತ್ತು ಬೆಳಗ್ಗೆ ಹೀಗೇ ಇತ್ತು. ಥೇಟ್ ಹೀಗೇ. ಸರ್ಕೋ ಅಲ್ಲಿಂದ, ನನ್ನ ಹಡಗು ನೋಡ್ಬೇಕು ನಂಗೆ."

ಹೈನರ್ ಕೈ ತೆಗೆದ. ಅಂಗಡಿ ಗಪ್‌ಚಿಪ್ಪಾಯಿತು. ತೆರೆಯ ಮೇಲೆ ಆಲ್ಮಜ್ಜಿ ಮೂಗು ಒರೆಸಿಕೊಂಡರು, ಹಡಗು ಮಂಜಿನೊಳಗೆ ಹೋಯಿತು. ದಡೂತಿ ಮುದುಕ ಟೊಪ್ಪಿಗೆ ತೆಗೆದು ಮೇಜಿನ ಮೇಲಿಟ್ಟ.

ಗುಡ್ರುನ್ ನಿಧಾನವಾಗಿ ಕೂತಳು. ಡೆಟ್ಲೆಫ್ ಏನೋ ಹೇಳಲು ಅವಳ ಕಡೆ ತಿರುಗಿದ.

"ಬಾಯಿ ಮುಚ್ಚಿ ನೋಡು," ಎಂದಳು ಅವಳು. ಕಣ್ಣಿನಿಂದ ನೀರು ಬಳಬಳ ಇಳಿಯುತ್ತಿತ್ತು, ಬಾಯಿ ಕಿವಿಯವರೆಗೆ ನಗುತ್ತಿತ್ತು.